ಹ್ಯಾಲ್ ಬ್ಲೇನ್ ನುಡಿಸಿದ್ದನ್ನು ಬಿಡಿಸಿ ಕೇಳಿಸುವ ನಾಲ್ಕು ಸಿಡಿಗಳು

ಅಮೆರಿಕದ ಪಾಪ್ ಸಂಗೀತ ತಂಡ ಬೀಚ್ ಬಾಯ್ಸ್‌ನ 'ಪೆಟ್ ಸೌಂಡ್ಸ್' ಆಲ್ಬಮ್ 1966ರ ಮೇ 16ರಂದು ಹೊರಬಂತು. ಅದರ ಕವರಿನ ಮೇಲೆ ಸ್ಯಾನ್ ಡಿಯಾಗೊ ಮೃಗಾಲಯದ ಆಡುಗಳಿಗೆ ತಿನಿಸು ಕೊಡುತ್ತಿರುವ ತಂಡದ ಸದಸ್ಯರ ಚಿತ್ರವಿದೆ. ಆದರೆ ಆ ಆಲ್ಬಮ್ಮಿನಲ್ಲಿ ಡ್ರಮ್ಸ್, ಟಿಂಪನಿ ಎಂಬ ದೊಡ್ಡ ನಗಾರಿ, ಲೋಹದ ಪಟ್ಟಿಗಳ ವೈಬ್ರಫೋನ್, ಟ್ಯಾಂಬರೀನ್ ಮತ್ತು ಗೆಜ್ಜೆಗಳನ್ನು ನುಡಿಸಿದವರಲ್ಲಿ ಹೆಚ್ಚಿನವರು ಚಿತ್ರದಲ್ಲಿಲ್ಲ, ಅವರ ಹೆಸರುಗಳು ಕವರಿನ ಮೇಲೂ ಇಲ್ಲ. ಮೂವತ್ತೊಂದು ವರ್ಷಗಳ ನಂತರ, 1997ರ ನವೆಂಬರಿನಲ್ಲಿ, ಕ್ಯಾಪಿಟಲ್ ಕಂಪನಿ 'ದಿ ಪೆಟ್ ಸೌಂಡ್ಸ್ ಸೆಷನ್ಸ್' ಎಂಬ ನಾಲ್ಕು ಸಿಡಿಗಳ ಪೆಟ್ಟಿಗೆಯನ್ನು ಹೊರತಂದಿತು. ಸ್ಟುಡಿಯೊದಲ್ಲಿ ಉಳಿದಿದ್ದ ಟೇಪುಗಳನ್ನು ತೆರೆದು ಅಂದು ನಡೆದ ಕೆಲಸವನ್ನು ಹೊರಗಿನವರಿಗೂ ಕೇಳಿಸಿದ ಪೆಟ್ಟಿಗೆ ಅದು. ಆಲ್ಬಮ್ಮಿನ ಬಗ್ಗೆ ಬೇಕಾದಷ್ಟು ವಿಮರ್ಶೆಗಳು ಬಂದಿವೆ. ನಾನು ಇಲ್ಲಿ ಪೆಟ್ಟಿಗೆಯನ್ನು ಒಂದೇ ಕಾರಣದಿಂದ ಪರಿಶೀಲಿಸುತ್ತಿದ್ದೇನೆ: ಹೆಸರಾಂತ ತಂಡವೊಂದರ ಹಿಂದೆ ಕೂತು ನುಡಿಸಿದ ಸೆಷನ್ ತಾಳವಾದ್ಯಗಾರನ, ಎಂದರೆ ಸಂಭಾವನೆ ಪಡೆದು ಸ್ಟುಡಿಯೊ ಮುದ್ರಣಗಳಲ್ಲಿ ನುಡಿಸುವವನ, ಕೆಲಸ ಏನೆಂಬುದನ್ನು, ಅದರಲ್ಲೂ ಡ್ರಮ್ಮರ್ ಹ್ಯಾಲ್ ಬ್ಲೇನ್ ಅವರ ಕೆಲಸವನ್ನು, ಇಷ್ಟು ಹತ್ತಿರದಿಂದ ಕೇಳಿಸುವ ಬೇರೊಂದು ಧ್ವನಿಮುದ್ರಿಕೆಯನ್ನು ನಾನು ಕಂಡಿಲ್ಲ.

ಮೊದಲು ಪೆಟ್ಟಿಗೆಯಲ್ಲಿ ಏನೇನಿದೆ ಎಂಬುದನ್ನು ಹೇಳಿಬಿಡುತ್ತೇನೆ. ಮೊದಲನೆಯ ಸಿಡಿಯ ಆರಂಭದಲ್ಲಿ ಇಡೀ ಆಲ್ಬಮ್ಮಿನ ಸ್ಟೀರಿಯೊ ಮಿಶ್ರಣವಿದೆ, ಎಂದರೆ ಸದ್ದುಗಳನ್ನು ಎಡಬಲಕ್ಕೆ ಹಂಚಿದ ರೂಪ. ಆ ಸಿಡಿಯ ಉಳಿದ ಭಾಗದಲ್ಲಿಯೂ ಎರಡನೆಯ ಸಿಡಿಯಲ್ಲಿಯೂ ಒಂದೊಂದು ಹಾಡಿಗೆ ಎರಡು ತುಣುಕುಗಳಿವೆ. ಮೊದಲನೆಯದು ವಾದ್ಯಗಳ ಮುದ್ರಣ ನಡೆದ ದಿನದ ಆಯ್ದ ಭಾಗಗಳು, ಎಂದರೆ ತಪ್ಪಿದ ಟೇಕುಗಳು (ಒಂದೊಂದು ಸಲದ ಮುದ್ರಣ ಯತ್ನಗಳು), ತಿದ್ದುಪಡಿಗಳು ಮತ್ತು ಮಾತುಕತೆ. ಎರಡನೆಯದು ಹಾಡುಗಾರಿಕೆಯಿಲ್ಲದೆ ವಾದ್ಯಗಳಷ್ಟೇ ಇರುವ ಪೂರ್ಣ ಟ್ರ್ಯಾಕ್. ಮೂರನೆಯ ಸಿಡಿಯಲ್ಲಿ ಕೇವಲ ಕಂಠಗಳೂ ಕೆಲವು ಪರ್ಯಾಯ ರೂಪಗಳೂ ಇವೆ. ನಾಲ್ಕನೆಯದು ಮೂಲ ಮೊನೊ ಆಲ್ಬಮ್, ಎಂದರೆ ಎಲ್ಲ ಸದ್ದುಗಳೂ ಒಂದೇ ವಾಹಿನಿಯಲ್ಲಿ ಬರುವ ರೂಪ. ಇವುಗಳೊಡನೆ ಎರಡು ಪುಸ್ತಿಕೆಗಳಿದ್ದು, ಅವುಗಳಲ್ಲಿ ಒಂದರಲ್ಲಿ ಅಂದು ನುಡಿಸಿದ ಕಲಾವಿದರ ಮಾತುಗಳೇ ಇವೆ. ಪೆಟ್ಟಿಗೆಯನ್ನು ಸಿದ್ಧಪಡಿಸುವ ಕೆಲಸದಲ್ಲಿ ಮಾರ್ಕ್ ಲಿನೆಟ್ ಮತ್ತು ಡೇವಿಡ್ ಲೀಫ್ ಅವರ ಪಾಲು ದೊಡ್ಡದು. ತಾಳವಾದ್ಯದ ವಿದ್ಯಾರ್ಥಿಗೆ ಬೇಕಾದ ಸರಕೆಲ್ಲ ಮೊದಲನೆಯ ಸಿಡಿಯ ಉತ್ತರಾರ್ಧದಲ್ಲಿ, ಎರಡನೆಯ ಸಿಡಿಯಲ್ಲಿ ಮತ್ತು ಕಲಾವಿದರ ಮಾತುಗಳಿರುವ ಆ ಪುಸ್ತಿಕೆಯಲ್ಲಿದೆ. ಕಂಠಗಳ ಸಿಡಿ ತನ್ನಷ್ಟಕ್ಕೆ ಅಪೂರ್ವವಾದದ್ದೇ ಆದರೂ ಈ ವಿಮರ್ಶೆಗೆ ಅದರಿಂದ ಹೆಚ್ಚು ಪ್ರಯೋಜನವಿಲ್ಲ.

ಹ್ಯಾಲ್ ಬ್ಲೇನ್ ಯಾರೆಂದು ತಿಳಿಯದೆ ಈ ಸಿಡಿಗಳನ್ನು ಕೇಳಿದರೆ ಅರ್ಧ ಸ್ವಾರಸ್ಯ ಕೈತಪ್ಪುತ್ತದೆ. ಅವರ ಹುಟ್ಟುಹೆಸರು ಹೆರಾಲ್ಡ್ ಸೈಮನ್ ಬೆಲ್ಸ್ಕಿ. ಹುಟ್ಟಿದ್ದು 1929ರ ಫೆಬ್ರವರಿ 5ರಂದು, ಮ್ಯಾಸಚೂಸೆಟ್ಸ್ ರಾಜ್ಯದ ಹೋಲಿಯೋಕ್ ಊರಿನಲ್ಲಿ. ಸೇನೆಯ ಸೇವೆ ಮುಗಿಸಿಕೊಂಡು ಷಿಕಾಗೊದಲ್ಲಿ ರಾಯ್ ನ್ಯಾಪ್ ಅವರ ಶಾಲೆಯಲ್ಲಿ ತಾಳವಾದ್ಯ ಕಲಿತರು. ಜಾಜ್ ಲೋಕದ ಪ್ರಸಿದ್ಧ ಡ್ರಮ್ಮರ್ ಜೀನ್ ಕ್ರೂಪಾ ಅವರಿಗೂ ಪಾಠ ಹೇಳಿದ್ದ ಗುರು ಈ ನ್ಯಾಪ್. ಹಗಲು ಶಾಲೆ, ರಾತ್ರಿ ಕ್ಲಬ್ಬುಗಳಲ್ಲಿ ನುಡಿಸುವ ಕೆಲಸ ಎಂಬಂತೆ ಆ ವರ್ಷಗಳು ಸಾಗಿದವು. ಎದುರಿಗಿಟ್ಟ ಸ್ವರಲಿಪಿಯನ್ನು ನೋಡಿದೊಡನೆ ನುಡಿಸುವ ಅಭ್ಯಾಸ ಅಲ್ಲಿಯೇ ಗಟ್ಟಿಯಾಯಿತು. ಮುಂದೆ ಗಾಯಕ ಟಾಮಿ ಸ್ಯಾಂಡ್ಸ್ ಮತ್ತು ಗಾಯಕಿ ಪ್ಯಾಟಿ ಪೇಜ್ ಅವರೊಂದಿಗೆ ಊರೂರು ಸುತ್ತಿ, ಕೊನೆಗೆ ಲಾಸ್ ಏಂಜಲೀಸ್ ನಗರದ ಸ್ಟುಡಿಯೊಗಳಲ್ಲಿ ನೆಲೆಗೊಂಡರು. ಗೋಲ್ಡ್ ಸ್ಟಾರ್ ಸ್ಟುಡಿಯೊದಲ್ಲಿ ಸಂಗೀತ ನಿರ್ಮಾಪಕ ಫಿಲ್ ಸ್ಪೆಕ್ಟರ್ ಮಾಡಿಸುತ್ತಿದ್ದ ಮುದ್ರಣಗಳಲ್ಲಿ ಡ್ರಮ್ಸಿನ ಮುಂದೆ ಕೂರುತ್ತಿದ್ದವರು ಹೆಚ್ಚಾಗಿ ಅವರೇ. 1963ರಲ್ಲಿ ರಾನೆಟ್ಸ್ ತಂಡ ಹಾಡಿದ 'ಬಿ ಮೈ ಬೇಬಿ' ಗೀತೆಯ ಆರಂಭದಲ್ಲಿ ಕಾಲಿನಿಂದ ಬಡಿಯುವ ಕಿಕ್ ಡ್ರಮ್ಮಿನ ಮೂರು ಪೆಟ್ಟುಗಳ ಬಳಿಕ ನಾಲ್ಕನೆಯ ಎಣಿಕೆಯಲ್ಲಿ ಮಾತ್ರ ಸ್ನೇರ್ ಎಂಬ ಚುರುಕು ದನಿಯ ಡ್ರಮ್ಮಿನ ಪೆಟ್ಟು ಬೀಳುತ್ತದೆ. ಎರಡನೆಯ ಎಣಿಕೆಯಲ್ಲೂ ಬೀಳಬೇಕಾಗಿದ್ದ ಪೆಟ್ಟು ಕೈತಪ್ಪಿತು, ಆ ತಪ್ಪನ್ನೇ ಹಾಡಿನುದ್ದಕ್ಕೂ ಮುಂದುವರಿಸಿದೆ ಎಂಬರ್ಥದಲ್ಲಿ ಬ್ಲೇನ್ ನಂತರ ನೆನಪಿಸಿಕೊಂಡಿದ್ದಾರೆ. ಬೀಚ್ ಬಾಯ್ಸ್ ತಂಡದ ಹಾಡುಗಳನ್ನು ರಚಿಸಿ ಮುದ್ರಣವನ್ನೂ ನಡೆಸುತ್ತಿದ್ದ ಬ್ರಯನ್ ವಿಲ್ಸನ್ ಆ ಹಾಡಿಗೆ ಮರುಳಾದವರು. ಸ್ಪೆಕ್ಟರ್ ಬಳಸುತ್ತಿದ್ದ ಕಲಾವಿದರನ್ನೇ ಅವರು ತಮ್ಮ ಹಾಡುಗಳಿಗೆ ಕರೆಸಿಕೊಂಡದ್ದು ಸಹಜವಾಗಿಯೇ ಇತ್ತು.

ತಂಡದಲ್ಲಿ ಡ್ರಮ್ಮರ್ ಇರಲಿಲ್ಲವೆ ಎಂಬ ಪ್ರಶ್ನೆ ಏಳುತ್ತದೆ. ಇದ್ದರು, ಬ್ರಯನ್ ಅವರ ತಮ್ಮ ಡೆನಿಸ್ ವಿಲ್ಸನ್. ಈ ಆಲ್ಬಮ್ಮಿನಲ್ಲೇ 'ದಟ್ಸ್ ನಾಟ್ ಮಿ' ಹಾಡಿಗೆ ಡ್ರಮ್ಸ್ ನುಡಿಸಿದವರು ಅವರು. ಆದರೆ 1964ರ ಡಿಸೆಂಬರಿನಲ್ಲಿ ವಿಮಾನದಲ್ಲಿಯೇ ಮಾನಸಿಕವಾಗಿ ಕುಸಿದ ಬ್ರಯನ್ ಪ್ರವಾಸ ನಿಲ್ಲಿಸಿ ಸ್ಟುಡಿಯೊದಲ್ಲಿ ಉಳಿದರು, ಉಳಿದವರು ಊರೂರು ತಿರುಗಿ ಹಾಡಿದರು. 1966ರ ಜನವರಿಯಲ್ಲಿ ತಂಡ ಜಪಾನಿನಲ್ಲಿದ್ದಾಗ ಹಾಲಿವುಡ್ಡಿನಲ್ಲಿ ಈ ಆಲ್ಬಮ್ಮಿನ ವಾದ್ಯಗಳ ಮುದ್ರಣ ನಡೆಯುತ್ತಿತ್ತು. ಡೆನಿಸ್ ಅವರಿಗೆ ಇದರಿಂದ ಬೇಸರವಾಗಲಿಲ್ಲವೆಂದೂ, ತಾನು ಸ್ಟುಡಿಯೊದಲ್ಲಿ ನುಡಿಸುವಾಗ ಅವರು ಅಲೆಗಳ ಮೇಲೋ ಮೋಟಾರ್ ಸೈಕಲ್ಲಿನ ಮೇಲೋ ಇರುತ್ತಿದ್ದರೆಂದೂ, ತಾನು ಹಗಲಿಡೀ ದುಡಿದು ಕೆಲವೇ ಡಾಲರ್ ಗಳಿಸಿದರೆ ಅವರು ರಾತ್ರಿಯ ಕಛೇರಿಯಲ್ಲಿ ಅದರ ಸಾವಿರ ಪಟ್ಟು ಗಳಿಸುತ್ತಿದ್ದರೆಂದೂ ಬ್ಲೇನ್ ಹೇಳಿಕೊಂಡಿದ್ದಾರೆ. ಆ ಮಾತಿನಲ್ಲಿ ಕಹಿ ಇಲ್ಲ. ಆದರೂ ಅದನ್ನು ಓದಿದಾಗಲೆಲ್ಲ ನನಗೆ ಒಂದು ಕ್ಷಣ ಸುಮ್ಮನಾಗಬೇಕೆನಿಸುತ್ತದೆ.

ಅಂದಿನ ಸೆಷನ್ ಎಂದರೆ ಏನೆಂಬುದೂ ತಿಳಿದಿರಬೇಕು. ಲಾಸ್ ಏಂಜಲೀಸಿನ ಕಲಾವಿದರು ಅಮೆರಿಕನ್ ಫೆಡರೇಷನ್ ಆಫ್ ಮ್ಯುಸಿಷಿಯನ್ಸ್ ಸಂಘಟನೆಯ ಲೋಕಲ್ 47 ಶಾಖೆಯ ಸದಸ್ಯರು. ಸಾಮಾನ್ಯವಾಗಿ ಮೂರು ಗಂಟೆಗೆ ಒಂದು ಸೆಷನ್, ಅದಕ್ಕೆ ನಿಗದಿತ ಸಂಭಾವನೆ. ಸಮಯ ಮೀರಿದರೆ ಹೆಚ್ಚುವರಿ ಹಣ. ಒಬ್ಬನೇ ಕಲಾವಿದ ಒಂದಕ್ಕಿಂತ ಹೆಚ್ಚು ವಾದ್ಯಗಳನ್ನು ನುಡಿಸಿದರೆ ಅದಕ್ಕೆ ಬೇರೆ ಭತ್ಯೆ, ಟಿಂಪನಿಯಂತಹ ಭಾರದ ವಾದ್ಯಗಳನ್ನು ಸಾಗಿಸಿ ತಂದರೆ ಸಾಗಣೆ ಭತ್ಯೆ. ತಾಳವಾದ್ಯಗಾರರಿಗೆ ಈ ಎರಡೂ ಮುಖ್ಯ. ಏಕೆಂದರೆ ಅವರು ಒಂದೇ ಹಾಡಿನಲ್ಲಿ ಗಂಟೆ, ಗೆಜ್ಜೆ, ಟ್ಯಾಂಬರೀನ್ ಎಂದು ಕೈ ಬದಲಿಸುತ್ತಿರುವವರು. ಹಾಡು ಎಷ್ಟು ಲಕ್ಷ ಪ್ರತಿ ಮಾರಾಟವಾದರೂ ಅದರ ರಾಯಲ್ಟಿಯಲ್ಲಿ ಅವರಿಗೆ ಪಾಲಿಲ್ಲ. ಸಂಭಾವನೆಯ ಲೆಕ್ಕಕ್ಕೆಂದು ಸಂಘಟನೆ ಇಟ್ಟ ಕರಾರು ಹಾಳೆಗಳೇ ಇಂದು ಯಾವ ದಿನ ಯಾರು ಬಂದಿದ್ದರು ಎಂಬುದಕ್ಕೆ ಇರುವ ಮುಖ್ಯ ದಾಖಲೆ. ಹೆಸರನ್ನು ಕವರಿನಿಂದ ಕೈಬಿಟ್ಟರೂ ಲೆಕ್ಕದ ಹಾಳೆ ಉಳಿಸಿಕೊಂಡಿತು.

ಈಗ ಕೇಳ್ಮೆಗೆ ಬರುತ್ತೇನೆ. ಪೆಟ್ಟಿಗೆಯನ್ನು ಕೊಂಡವರು ಮೊದಲು 'ಕ್ಯಾರೊಲಿನ್, ನೋ' ಹಾಡಿನ ವಾದ್ಯಗಳ ಟ್ರ್ಯಾಕನ್ನು ಹೆಡ್‌ಫೋನಿನಲ್ಲಿ, ಮಧ್ಯಮ ಧ್ವನಿಯಲ್ಲಿ ಕೇಳಬೇಕೆಂದು ನನ್ನ ಸಲಹೆ. 1966ರ ಜನವರಿ 31ರಂದು ವೆಸ್ಟರ್ನ್ ಸ್ಟುಡಿಯೊದಲ್ಲಿ ಮುದ್ರಣವಾದ ಹಾಡು ಇದು. ಆರಂಭದಲ್ಲಿಯೇ ಒಂದು ಟೊಳ್ಳು ಪೆಟ್ಟು ಕೇಳಿಬರುತ್ತದೆ, ಅದಕ್ಕೆ ಉತ್ತರವೆಂಬಂತೆ ಟ್ಯಾಂಬರೀನ್. ಆ ಟೊಳ್ಳು ಪೆಟ್ಟು ಯಾವ ಡ್ರಮ್ಮಿನದೂ ಅಲ್ಲ. ಕಚೇರಿಗಳಿಗೆ ಸ್ಪಾರ್ಕ್‌ಲೆಟ್ಸ್ ಎಂಬ ಕಂಪನಿ ತಲುಪಿಸುತ್ತಿದ್ದ ಕುಡಿಯುವ ನೀರಿನ ದೊಡ್ಡ ಕ್ಯಾನು ಖಾಲಿಯಾದ ಮೇಲೆ, ಅದರ ತಳವನ್ನು ಬ್ಲೇನ್ ಕೋಲಿನಿಂದ ಬಡಿದು ತೆಗೆದ ನಾದ ಅದು. ಘಟವನ್ನು ಕೇಳಿ ಪಳಗಿದ ಕಿವಿಗೆ ಅದರ ಒಳಗುಟ್ಟು ಬೇಗ ಸಿಗುತ್ತದೆ: ಪೆಟ್ಟು ಬೀಳುವುದು ಮೈ ಮೇಲೆ, ನಾದ ಹೊರಡುವುದು ಒಳಗಿನ ಗಾಳಿಯಿಂದ. ಅದರ ಮೇಲೆ ಸ್ಟುಡಿಯೊದ ಪ್ರತಿಧ್ವನಿ ಸೇರಿ ಆ ಸದ್ದು ಎಲ್ಲೋ ದೂರದ ಖಾಲಿ ಕೋಣೆಯಿಂದ ಬಂದಂತಾಗುತ್ತದೆ. ಕಳೆದುಹೋದ ಹುಡುಗಿಯ ಕೂದಲನ್ನೂ ಕಾಂತಿಯನ್ನೂ ನೆನೆಯುವ ಹಾಡಿಗೆ ಇದಕ್ಕಿಂತ ಒಪ್ಪುವ ಆರಂಭವನ್ನು ನನಗೆ ಊಹಿಸಲಾಗುವುದಿಲ್ಲ.

ಕಂಠವಿರುವ ರೂಪದಲ್ಲಿ ನಾನು ಈ ಹಾಡನ್ನು ಎಷ್ಟೋ ವರ್ಷ ಕೇಳಿದ್ದೆ, ಕ್ಯಾನಿನ ಸದ್ದು ಆರಂಭದ ಅಲಂಕಾರವೆಂದಷ್ಟೇ ತಿಳಿದಿದ್ದೆ. ಹಾಡುಗಾರಿಕೆಯನ್ನು ತೆಗೆದ ಟ್ರ್ಯಾಕಿನಲ್ಲಿ ಬೇರೆಯ ವಿಷಯ ಕಿವಿಗೆ ಬಿತ್ತು. ಇಲ್ಲಿ ತಾಳವಾದ್ಯದ ಕೆಲಸ ಲಯವನ್ನು ಒತ್ತಿ ಹೇಳುವುದಲ್ಲ, ಎರಡು ಪೆಟ್ಟುಗಳ ನಡುವೆ ಉಳಿಯುವ ಬಿಡುವನ್ನು ಕಾಯುವುದು. ಹಾರ್ಪ್ಸಿಕಾರ್ಡ್ ಇದೆ, ಫ್ರಾಂಕ್ ಕ್ಯಾಪ್ ಅವರ ವೈಬ್ರಫೋನ್ ಇದೆ, ಕೊಳಲುಗಳಿವೆ, ಬೇಸ್ ಇದೆ. ಇವುಗಳಲ್ಲಿ ಯಾವುದೂ ಅವಸರಪಡುವುದಿಲ್ಲ. ನಾನು ಮೇಜಿನ ಮೇಲೆ ಬೆರಳಿನಿಂದ ತಾಳ ಹಾಕುತ್ತಾ ಕೇಳಿದಾಗಲೆಲ್ಲ ನನ್ನ ಬೆರಳು ಕೂದಲೆಳೆಯಷ್ಟು ಮುಂಚಿತವಾಗಿಯೇ ಬಿದ್ದಿದೆ. ಅಂದು ನುಡಿಸಿದವರು ಎಷ್ಟು ಹಿಂದಕ್ಕೆ ವಾಲಿ ನುಡಿಸಿದ್ದಾರೆ ಎಂಬುದು ನನಗೆ ಹಾಗೆಯೇ ಅರ್ಥವಾಯಿತು. ಬಿಡುಗಡೆಯಾದ ರೂಪದಲ್ಲಿ ಟೇಪಿನ ವೇಗವನ್ನು ಸ್ವಲ್ಪ ಹೆಚ್ಚಿಸಲಾಗಿದೆ. ಮೂಲ ವೇಗದ ರೂಪ ಮೂರನೆಯ ಸಿಡಿಯಲ್ಲಿದೆ, ಎರಡನ್ನೂ ಒಂದರ ಹಿಂದೊಂದು ಕೇಳಿದರೆ ಕಾಲಪ್ರಮಾಣದ ಸಣ್ಣ ವ್ಯತ್ಯಾಸವೂ ಒಂದು ಹಾಡಿನ ಸ್ವಭಾವವನ್ನು ಎಷ್ಟು ಬದಲಿಸಬಲ್ಲದೆಂದು ತಿಳಿಯುತ್ತದೆ.

ಎರಡನೆಯ ಸಿಡಿಯಲ್ಲಿರುವ 'ಗಾಡ್ ಓನ್ಲಿ ನೋಸ್' ಹಾಡಿನ ಸೆಷನ್ ಈ ಪೆಟ್ಟಿಗೆಯ ತಿರುಳು. 1966ರ ಮಾರ್ಚ್ 10ರಂದು, ಅದೇ ವೆಸ್ಟರ್ನ್ ಸ್ಟುಡಿಯೊದ ಚಿಕ್ಕದಾದ ಮೂರನೆಯ ಕೋಣೆಯಲ್ಲಿ, ಇಪ್ಪತ್ತರ ಆಸುಪಾಸು ಟೇಕುಗಳಲ್ಲಿ ಈ ವಾದ್ಯಸಂಯೋಜನೆ ಸಿದ್ಧವಾಯಿತು. ಹಾಡಿನ ಆರಂಭದಲ್ಲಿ ಕುದುರೆಯ ಗೊರಸಿನ ಸದ್ದನ್ನು ಹೋಲುವ ಟಕ್ ಟಕ್ ಪೆಟ್ಟುಗಳಿವೆ. ಯಂತ್ರದಿಂದ ಕಿತ್ತಳೆ ರಸದ ಪ್ಲಾಸ್ಟಿಕ್ ಬಾಟಲಿಗಳನ್ನು ಕೊಂಡು ಕುಡಿದು, ಅವುಗಳನ್ನು ಬೇರೆಬೇರೆ ಅಳತೆಗೆ ಕತ್ತರಿಸಿ, ಅಂಟುಟೇಪಿನಿಂದ ಜೋಡಿಸಿ ಬಡಿಯುವ ವಾದ್ಯ ಮಾಡಿಕೊಂಡ ಕಥೆಯನ್ನು ಬ್ಲೇನ್ ಹೇಳಿದ್ದಾರೆ. ಇದರೊಡನೆ ಹಿಮಗಾಡಿಯ ಕುದುರೆಗೆ ಕಟ್ಟುವಂತಹ ಗೆಜ್ಜೆ. ಹಾಡಿನುದ್ದಕ್ಕೂ ಗೆಜ್ಜೆಯ ದನಿ ಹಿಂದಿನಿಂದ ಬರುತ್ತಲೇ ಇರುತ್ತದೆ. ಗೆಜ್ಜೆಯನ್ನು ಅಲ್ಲಾಡಿಸುವುದರಲ್ಲಿ ಏನು ಕಷ್ಟವೆಂದು ಕೇಳುವವರು ಎರಡೂವರೆ ನಿಮಿಷ ಒಂದೇ ತೂಕದಲ್ಲಿ, ಒಂದೇ ಅಂತರದಲ್ಲಿ, ಎಲ್ಲಿಯೂ ಒಂದು ಕಿಣಿ ಹೆಚ್ಚಾಗದಂತೆ ಅದನ್ನು ಅಲ್ಲಾಡಿಸಿ ನೋಡಬೇಕು. ಆಮೇಲೆ ಅದನ್ನೇ ಇಪ್ಪತ್ತು ಬಾರಿ ಮಾಡಬೇಕು. ಯಾರೋ ಒಬ್ಬರ ಫ್ರೆಂಚ್ ಹಾರ್ನ್ ಅಥವಾ ಅಕಾರ್ಡಿಯನ್ ತಪ್ಪಿದಾಗ ತಾಳದವರ ತಪ್ಪಿಲ್ಲದೆಯೂ ಟೇಕ್ ನಿಲ್ಲುತ್ತದೆ. ಮತ್ತೆ ಮೊದಲಿನಿಂದ, ಮೊದಲಿನಷ್ಟೇ ತಾಜಾತನದಿಂದ ಶುರು ಮಾಡಬೇಕು. ಸೆಷನ್ ಕಲಾವಿದನಿಗೆ ಹಣ ಕೊಡುವುದು ಈ ಗುಣಕ್ಕೆ.

ಇದೇ ಸೆಷನ್ನಿನಲ್ಲಿ ಹಾಡಿನ ನಡುವಣ ವಾದ್ಯಭಾಗ ಕೂಡಿಬರದೆ ತೊಡಕಾಗುತ್ತದೆ. ಸ್ವರಗಳನ್ನು ಎಳೆಯದೆ ತುಂಡು ತುಂಡಾಗಿ ನುಡಿಸಿದರೆ ಹೇಗೆ ಎಂದು ಪಿಯಾನೊ ನುಡಿಸುತ್ತಿದ್ದ ಡಾನ್ ರ‍್ಯಾಂಡಿ ಸೂಚಿಸಿದರೆಂದು ಹೇಳುತ್ತಾರೆ. ಬ್ರಯನ್ ಒಪ್ಪಿದರು, ಹಾಗೆ ನುಡಿಸಿದೊಡನೆ ಆ ಭಾಗ ಎದ್ದು ನಿಂತಿತು. ನಾವು ಇಂದು ಆ ಹಾಡಿನ ಚಹರೆಯೆಂದೇ ಗುರುತಿಸುವ ತಿರುವು ಗಂಟೆಯ ಲೆಕ್ಕದಲ್ಲಿ ಸಂಭಾವನೆ ಪಡೆಯುತ್ತಿದ್ದ ಕಲಾವಿದನೊಬ್ಬನ ಬಾಯಿಯಿಂದ ಬಂತು. ಪಕ್ಕವಾದ್ಯದವರು ಎಂದು ನಾವು ಬದಿಗಿಡುವ ಜನ ರಚನೆಯಲ್ಲೇ ಕೈಯಿಟ್ಟವರು ಎಂಬುದಕ್ಕೆ ಇದಕ್ಕಿಂತ ನೇರವಾದ ಸಾಕ್ಷಿ ಬೇಡ. ಪೆಟ್ಟಿಗೆಯ ಬಗ್ಗೆ ನಾನು ಇಷ್ಟು ಆಸ್ಥೆಯಿಂದ ಬರೆಯುತ್ತಿರುವುದಕ್ಕೂ ಇದೇ ಕಾರಣ.

ಉಳಿದ ಹಾಡುಗಳಲ್ಲಿ ಕೇಳಬೇಕಾದವು ಇನ್ನೂ ಇವೆ. 'ವುಡನ್ಟ್ ಇಟ್ ಬಿ ನೈಸ್' ಹಾಡಿನಲ್ಲಿ ಗಿಟಾರಿನ ನಯವಾದ ಆರಂಭ ಮುಗಿಯುತ್ತಿದ್ದಂತೆ ಒಂದೇ ಒಂದು ಡ್ರಮ್ಮಿನ ಪೆಟ್ಟು ಬಾಗಿಲನ್ನು ಒದ್ದು ತೆರೆದಂತೆ ಬೀಳುತ್ತದೆ, ಹಾಡಿನ ಶ್ರುತಿಯೇ ಅಲ್ಲಿ ಬದಲಾಗುತ್ತದೆ. ಇದು ಗೋಲ್ಡ್ ಸ್ಟಾರ್ ಸ್ಟುಡಿಯೊದಲ್ಲಿ ಮುದ್ರಣವಾದದ್ದು. ಆ ಸ್ಟುಡಿಯೊ ಹೆಸರಾದದ್ದೇ ಅಲ್ಲಿನ ಪ್ರತಿಧ್ವನಿ ಕೋಣೆಗಳಿಂದ, ಆ ಪೆಟ್ಟಿನ ಮೇಲೂ ಅದರ ಗುರುತಿದೆ. 'ಐ ಆ್ಯಮ್ ವೇಟಿಂಗ್ ಫಾರ್ ದಿ ಡೇ' ಹಾಡು ಟಿಂಪನಿಯ ಗುಡುಗಿನಿಂದಲೇ ಶುರುವಾಗುತ್ತದೆ. 'ಯು ಸ್ಟಿಲ್ ಬಿಲೀವ್ ಇನ್ ಮಿ' ಹಾಡಿನಲ್ಲಿ ಸೈಕಲ್ಲಿನ ಗಂಟೆಯೂ ಹಾರ್ನೂ ಇವೆ, ಅವು ಆ ದುಃಖದ ನಡುವೆ ಮಗುವಿನಂತೆ ಇಣುಕುತ್ತವೆ. ಆಲ್ಬಮ್ಮಿನ ಹೆಸರನ್ನೇ ಹೊತ್ತ ವಾದ್ಯಗೀತೆಯಲ್ಲಿ ಡ್ರಮ್ಮರ್ ರಿಚಿ ಫ್ರಾಸ್ಟ್ ಬ್ರಯನ್ ಅವರ ಸೂಚನೆಯಂತೆ ಎರಡು ಖಾಲಿ ಕೋಕಾಕೋಲಾ ಡಬ್ಬಿಗಳನ್ನು ನುಡಿಸಿದ್ದಾರೆ. ಬ್ಲೇನ್ ಒಬ್ಬರೇ ಎಲ್ಲವನ್ನೂ ನುಡಿಸಿದರೆಂದು ಯಾರೂ ತಿಳಿಯಬಾರದು. ಫ್ರಾಂಕ್ ಕ್ಯಾಪ್, ಜಿಮ್ ಗಾರ್ಡನ್, ಗ್ಯಾರಿ ಕೋಲ್ಮನ್, ಬಾಹಾ ಮರಿಂಬಾ ಬ್ಯಾಂಡ್ ಕಟ್ಟಿದ ಜೂಲಿಯಸ್ ವೆಕ್ಟರ್ ಮುಂತಾದವರ ಕೈಗಳೂ ಇಲ್ಲಿವೆ. ಅವರನ್ನು ಬಿಟ್ಟು ಒಬ್ಬರ ಹೆಸರನ್ನೇ ಮೆರೆಸುವುದು ಹಳೆಯ ಅನ್ಯಾಯವನ್ನು ಇನ್ನೊಂದು ರೀತಿಯಲ್ಲಿ ಮಾಡಿದಂತೆ.

ಸ್ಟೀರಿಯೊ ಮತ್ತು ಮೊನೊ ವಿಷಯದಲ್ಲಿ ಎರಡು ಮಾತು. ಬ್ರಯನ್ ಅವರಿಗೆ ಬಲಗಿವಿ ಬಹುಮಟ್ಟಿಗೆ ಕೇಳುತ್ತಿರಲಿಲ್ಲ, ಆಲ್ಬಮ್ಮನ್ನು ಅವರು ಮೊನೊದಲ್ಲಿಯೇ ಕಲ್ಪಿಸಿ ಮುಗಿಸಿದ್ದರು. ವಾದ್ಯಗಳ ಟೇಪು ಒಂದು, ಕಂಠಗಳ ಟೇಪು ಇನ್ನೊಂದು. ಅವೆರಡನ್ನೂ ದಶಕಗಳ ಬಳಿಕ ಡಿಜಿಟಲ್ ತಂತ್ರದಿಂದ ಹೊಂದಿಸಿದ್ದರಿಂದ ಈ ಸ್ಟೀರಿಯೊ ರೂಪ ಸಾಧ್ಯವಾಯಿತು. ತಾಳವಾದ್ಯಗಳನ್ನು ಒಂದೊಂದಾಗಿ ಗುರುತಿಸಲು ಸ್ಟೀರಿಯೊ ನಿಜಕ್ಕೂ ನೆರವಾಗುತ್ತದೆ. ಆದರೆ ಅವು ಒಂದಕ್ಕೊಂದು ಬೆಸೆದು ಯಾವ ವಾದ್ಯವೆಂದು ಹೇಳಲಾಗದ ಹೊಸ ನಾದವಾಗುವುದು ಮೊನೊದಲ್ಲಿ ಮಾತ್ರ. ಅಭ್ಯಾಸಕ್ಕೆ ಮೊದಲನೆಯ ಸಿಡಿ, ಆನಂದಕ್ಕೆ ನಾಲ್ಕನೆಯದು ಎಂದು ನಾನು ಹಂಚಿಕೊಂಡಿದ್ದೇನೆ.

ಕೊರತೆಗಳನ್ನೂ ಹೇಳಬೇಕು. ಸೆಷನ್ನಿನ ತುಣುಕುಗಳು ಆಯ್ದ ಭಾಗಗಳಾದ್ದರಿಂದ ಒಂದು ಟೇಕಿಗೂ ಮುಂದಿನದಕ್ಕೂ ನಡುವೆ ಎಷ್ಟು ಹೊತ್ತು ಕಳೆಯಿತು, ಕಾಯುವಾಗ ಕಲಾವಿದರು ಏನನ್ನು ಮತ್ತೆ ಮತ್ತೆ ನುಡಿಸಿ ನೋಡಿದರು ಎಂಬುದು ತಿಳಿಯುವುದಿಲ್ಲ. ಸಾಮಾನ್ಯ ಕೇಳುಗನಿಗೆ ಇದೇ ಹೆಚ್ಚೆನಿಸಬಹುದು. ನನಗಂತೂ ಕತ್ತರಿ ಹಾಕಿದ ಕಡೆಯಲ್ಲೆಲ್ಲ ಅಸಮಾಧಾನವಾಯಿತು, ತಾಳವಾದ್ಯಗಾರನು ಕೋಲು ಬದಲಿಸುವುದು, ಒಂದು ವಾದ್ಯ ಬಿಟ್ಟು ಇನ್ನೊಂದನ್ನು ಎತ್ತಿಕೊಳ್ಳುವುದು ನಡೆಯುವುದೇ ಆ ನಡುವಿನ ಹೊತ್ತಿನಲ್ಲಿ. ಎರಡನೆಯ ತೊಡಕು ದಾಖಲೆಯ ಸ್ವರೂಪದ್ದು. ಕರಾರು ಹಾಳೆಗಳು ಯಾರು ಬಂದಿದ್ದರೆಂದು ಹೇಳುತ್ತವೆಯೇ ಹೊರತು ಯಾರ ಕೈಯಲ್ಲಿ ಯಾವ ವಾದ್ಯವಿತ್ತೆಂದು ಯಾವಾಗಲೂ ಹೇಳುವುದಿಲ್ಲ. ಹಾಗಾಗಿ ಗೆಜ್ಜೆ ಯಾರದು, ಬಾಟಲಿ ಬಡಿದವರು ಯಾರು ಎಂಬ ವಿವರಗಳಲ್ಲಿ ನೆನಪನ್ನೇ ನೆಚ್ಚಬೇಕಾಗುತ್ತದೆ. ಪುಸ್ತಿಕೆಯ ಮಾತುಗಳನ್ನು ಓದುವಾಗ ಇದು ಮನಸ್ಸಿನಲ್ಲಿರಲಿ. ಇನ್ನೊಂದು ವಿಷಯ ಕೊಳ್ಳುವವರಿಗೆ ಸಂಬಂಧಿಸಿದ್ದು. ನಾನು ಮೊದಲ ಸಲ ಕೊಂಡ ಬಳಸಿದ ಪ್ರತಿಯಲ್ಲಿ ಕಲಾವಿದರ ಮಾತುಗಳಿದ್ದ ಪುಸ್ತಿಕೆಯೇ ಇರಲಿಲ್ಲ, ಮಾರಿದವರು ಅದನ್ನು ಮೊದಲೇ ತಿಳಿಸಿರಲೂ ಇಲ್ಲ. ಸಿಡಿಗಳೆಲ್ಲ ಸರಿಯಾಗಿದ್ದರೂ ಮತ್ತೊಂದು ಪ್ರತಿ ಹುಡುಕಬೇಕಾಯಿತು. ಆ ಪುಸ್ತಿಕೆ ಇಲ್ಲದಿದ್ದರೆ ಟೇಪಿನಲ್ಲಿ ಕೇಳುವ ಹೆಸರುಗಳು ಬರಿಯ ಹೆಸರುಗಳಾಗಿಯೇ ಉಳಿಯುತ್ತವೆ. ಬಳಸಿದ ಪ್ರತಿ ಕೊಳ್ಳುವವರು ಎರಡೂ ಪುಸ್ತಿಕೆಗಳಿವೆಯೇ ಎಂದು ಕೇಳಿಯೇ ಹಣ ಕೊಡಬೇಕು.

ಬ್ಲೇನ್ ಅವರ ವೃತ್ತಿಯ ವಿಸ್ತಾರ ಈ ಪೆಟ್ಟಿಗೆಯಲ್ಲಿ ಹಿಡಿಸುವಂಥದ್ದಲ್ಲ. ಅದನ್ನು ಹಿಡಿಸುವುದು ಪೆಟ್ಟಿಗೆಯ ಉದ್ದೇಶವೂ ಅಲ್ಲ. ಬೀಚ್ ಬಾಯ್ಸ್ ತಂಡದ 'ಹೆಲ್ಪ್ ಮಿ, ರೋಂಡಾ' ಮತ್ತು 'ಗುಡ್ ವೈಬ್ರೇಷನ್ಸ್' ಮಾತ್ರವಲ್ಲ, ಬರ್ಡ್ಸ್, ಮಾಮಾಸ್ ಆ್ಯಂಡ್ ಪಾಪಾಸ್, ಕಾರ್ಪೆಂಟರ್ಸ್ ತಂಡಗಳ ಹಾಡುಗಳಲ್ಲೂ ಅವರು ನುಡಿಸಿದ್ದಾರೆ. ಅಮೆರಿಕದ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೇರಿದ 40ರಷ್ಟು ಹಾಡುಗಳಲ್ಲಿ ಅವರ ಡ್ರಮ್ಸ್ ಇದೆಯೆಂಬ ಲೆಕ್ಕವಿದೆ. 1966ರಿಂದ 1971ರವರೆಗೆ ಸತತ ಆರು ವರ್ಷ 'ರೆಕಾರ್ಡ್ ಆಫ್ ದಿ ಇಯರ್' ಗ್ರ್ಯಾಮಿ ಪಡೆದ ಮುದ್ರಿಕೆಗಳಲ್ಲಿ ನುಡಿಸಿದವರು ಅವರು. ಹರ್ಬ್ ಆಲ್ಪರ್ಟ್, ಫ್ರಾಂಕ್ ಸಿನಾಟ್ರಾ, ಫಿಫ್ತ್ ಡೈಮೆನ್ಷನ್, ಸೈಮನ್ ಮತ್ತು ಗಾರ್‌ಫಂಕೆಲ್ ಹೀಗೆ ಪ್ರಶಸ್ತಿ ಒಬ್ಬರಿಂದ ಒಬ್ಬರಿಗೆ ಹೋಗುತ್ತಿದ್ದರೂ ಡ್ರಮ್ಸಿನ ಹಿಂದಿನ ಮುಖ ಬದಲಾಗಲಿಲ್ಲ. 'ದಿ ಬಾಕ್ಸರ್' ಹಾಡಿನಲ್ಲಿ ಸಿಡಿಲಿನಂತೆ ಬೀಳುವ ಪೆಟ್ಟಿಗಾಗಿ ಅವರು ನ್ಯೂಯಾರ್ಕಿನ ಕೊಲಂಬಿಯಾ ಸ್ಟುಡಿಯೊದ ಲಿಫ್ಟಿನ ಬಳಿ ಡ್ರಮ್ ಇಟ್ಟುಕೊಂಡು ಬಡಿದರು. 'ಬ್ರಿಡ್ಜ್ ಓವರ್ ಟ್ರಬಲ್ಡ್ ವಾಟರ್' ಹಾಡಿಗೆ ಹಿಮದಲ್ಲಿ ಕಾರಿನ ಚಕ್ರಗಳಿಗೆ ಸುತ್ತುವ ಸರಪಳಿಗಳನ್ನು ನೆಲಕ್ಕೆ ಅಪ್ಪಳಿಸಿದರು. ನೀರಿನ ಕ್ಯಾನು ಬಡಿದ ಕೈಯ ಗುಣವೇ ಇಲ್ಲಿಯೂ ಇದೆ: ಬೇಕಾದ ಸದ್ದು ಯಾವುದೆಂದು ಮೊದಲು ಮನಸ್ಸಿನಲ್ಲಿ ಕೇಳಿಸಿಕೊಂಡು, ಅದನ್ನು ಕೊಡುವ ವಸ್ತುವನ್ನು ಆಮೇಲೆ ಹುಡುಕುವುದು. ಒಂದೇ ಬದಿಗೆ ಹೊದಿಕೆಯಿದ್ದ ಹಲವು ಟಾಮ್ ಡ್ರಮ್ಮುಗಳನ್ನು ಸಾಲಾಗಿ ಜೋಡಿಸಿ ತಮಗೆಂದೇ ಮಾಡಿಸಿಕೊಂಡ ದೊಡ್ಡ ಸೆಟ್ಟೂ ಇದೇ ಹುಡುಕಾಟದ ಫಲ. ಮುಂದೆ ಲುಡ್ವಿಗ್ ಕಂಪನಿ ಅದೇ ಮಾದರಿಯನ್ನು ಮಾರುಕಟ್ಟೆಗೆ ತಂದಿತು.

ಅವರು ನುಡಿಸಿ ಮುಗಿಸಿದ ಮೇಲೆ ಸ್ವರಲಿಪಿಯ ಹಾಳೆಯ ಮೇಲೆ 'ಹ್ಯಾಲ್ ಬ್ಲೇನ್ ಸ್ಟ್ರೈಕ್ಸ್ ಅಗೇನ್' ಎಂಬ ರಬ್ಬರ್ ಮುದ್ರೆಯೊತ್ತುತ್ತಿದ್ದರು. ಕವರಿನ ಮೇಲೆ ಹೆಸರು ಬಾರದ ಕಾಲದಲ್ಲಿ ಕಲಾವಿದನು ತನ್ನ ಹೆಸರನ್ನು ತಾನೇ ಬರೆದುಕೊಂಡ ಜಾಗ ಅದು. ಆ ಕಲಾವಿದರ ಬಳಗವನ್ನು 'ರೆಕಿಂಗ್ ಕ್ರ್ಯೂ' ಎಂದು ಕರೆಯುವುದು 1990ರಲ್ಲಿ ಬಂದ ಅವರ ಆತ್ಮಕಥನದಿಂದ ಬಳಕೆಗೆ ಬಂತು. ಆ ಕಾಲದಲ್ಲಿ ಅಂತಹ ಹೆಸರೇ ಇರಲಿಲ್ಲವೆಂದು ಇದೇ ಸೆಷನ್ನುಗಳಲ್ಲಿ ಬೇಸ್ ನುಡಿಸಿದ ಕ್ಯಾರಲ್ ಕೇ ಖಂಡಿತವಾಗಿ ಹೇಳುತ್ತ ಬಂದಿದ್ದಾರೆ. ಹೆಸರಿಗಿಂತ ನನಗೆ ಮುಖ್ಯವಾಗುವುದು ನಂತರ ನಡೆದದ್ದು. ತಂಡಗಳು ತಮ್ಮ ವಾದ್ಯಗಳನ್ನು ತಾವೇ ನುಡಿಸತೊಡಗಿದವು, ಡ್ರಮ್ ಯಂತ್ರಗಳು ಬಂದವು, ಸ್ಟುಡಿಯೊದಿಂದ ಕರೆಗಳು ಕಡಿಮೆಯಾದವು. ವಿಚ್ಛೇದನದಲ್ಲಿ ಗಳಿಕೆಯ ಹೆಚ್ಚಿನ ಪಾಲನ್ನು ಕಳೆದುಕೊಂಡ ಬ್ಲೇನ್ ಅರಿಜೋನಾದಲ್ಲಿ ಕೆಲಕಾಲ ಕಾವಲುಗಾರನ ಕೆಲಸ ಮಾಡಿದರು. ಅವರು ನುಡಿಸಿದ ಹಾಡುಗಳು ಅಮೆರಿಕದ ರೇಡಿಯೊಗಳಲ್ಲಿ ಆಗಲೂ ದಿನವಿಡೀ ಬರುತ್ತಿದ್ದವು. ಅಲ್ಲಿನ ಕಾನೂನಿನಂತೆ ರೇಡಿಯೊ ಪ್ರಸಾರಕ್ಕೆ ಹಾಡು ಬರೆದವರಿಗೆ ಹಣ ಸಲ್ಲುತ್ತದೆ, ನುಡಿಸಿದವರಿಗೆ ಸಲ್ಲುವುದಿಲ್ಲ. ಮನ್ನಣೆ ತಡವಾಗಿಯಾದರೂ ಬಂತು. 2000ದಲ್ಲಿ ರಾಕ್ ಆ್ಯಂಡ್ ರೋಲ್ ಹಾಲ್ ಆಫ್ ಫೇಮ್ ಪಕ್ಕವಾದ್ಯದವರಿಗೆಂದು ಹೊಸ ವಿಭಾಗ ತೆರೆದಾಗ ಮೊದಲ ಸಾಲಿನಲ್ಲೇ ಅವರನ್ನು ಸೇರಿಸಿತು. 2018ರಲ್ಲಿ ಜೀವಮಾನ ಸಾಧನೆಯ ಗ್ರ್ಯಾಮಿ ಬಂತು. 2019ರ ಮಾರ್ಚ್ 11ರಂದು, ತಮ್ಮ 90ನೆಯ ವಯಸ್ಸಿನಲ್ಲಿ, ಕ್ಯಾಲಿಫೋರ್ನಿಯಾದ ಪಾಮ್ ಡೆಸರ್ಟಿನಲ್ಲಿ ಅವರು ತೀರಿಕೊಂಡರು.

ಈ ಪೆಟ್ಟಿಗೆಯನ್ನು ಯಾರು ಕೊಳ್ಳಬೇಕು? ಹಾಡುಗಳನ್ನು ಹಾಡುಗಳಾಗಿ ಮಾತ್ರ ಕೇಳಿ ಸಂತೋಷಪಡುವವರಿಗೆ ಮೊನೊ ಆಲ್ಬಮ್ ಒಂದೇ ಸಾಕು. ನಾಲ್ಕು ಸಿಡಿಗಳ ಭಾರ ಅವರಿಗೆ ಬೇಡ. ಡ್ರಮ್ಸ್ ಅಥವಾ ಯಾವುದೇ ತಾಳವಾದ್ಯ ಕಲಿಯುತ್ತಿರುವವರು, ಧ್ವನಿಮುದ್ರಣದ ಕೆಲಸದಲ್ಲಿರುವವರು, ಇನ್ನೊಬ್ಬರ ಹಾಡಿಗೆ ನುಡಿಸಿ ಬದುಕುವವರು ಇದನ್ನು ಕೊಳ್ಳಲೇಬೇಕೆಂದು ನಾನು ಹೇಳುತ್ತೇನೆ. ಕೇಳುವ ಕ್ರಮವನ್ನು ಮಾತ್ರ ಪೆಟ್ಟಿಗೆಯವರು ಇಟ್ಟಂತೆ ಅನುಸರಿಸಬೇಡಿ. ಮೊದಲು ನಾಲ್ಕನೆಯ ಸಿಡಿಯಲ್ಲಿ 'ಗಾಡ್ ಓನ್ಲಿ ನೋಸ್' ಕೇಳಿ, ಆಮೇಲೆ ಎರಡನೆಯ ಸಿಡಿಗೆ ಬಂದು ಅದರ ಸೆಷನ್ನನ್ನೂ ಕಂಠವಿಲ್ಲದ ಟ್ರ್ಯಾಕನ್ನೂ ಕೇಳಿ, ನಂತರ ಮತ್ತೆ ಮೊನೊಗೆ ಹೋಗಿ. ಎರಡನೆಯ ಸಲ ಮೊನೊ ಕೇಳುವಾಗ ಈ ಹಾಡನ್ನು ಹಾಡಿದ, ಬ್ರಯನ್ ಅವರ ಇನ್ನೊಬ್ಬ ತಮ್ಮ ಕಾರ್ಲ್ ವಿಲ್ಸನ್ ಅವರ ಕಂಠದ ಹಿಂದೆ, ಅಷ್ಟು ಹೊತ್ತಿಗೆ ಚೆನ್ನಾಗಿ ಪರಿಚಯವಾಗಿರುವ ಆ ಗೆಜ್ಜೆ ಮೊದಲ ಸಾಲಿನಿಂದ ಕೊನೆಯವರೆಗೂ ಕೇಳಿಸುತ್ತಲೇ ಇರುತ್ತದೆ.